ಗೇಟಿನಿಂದ 50 ಮೀಟರ್: ಮುಷ್ಕರದ ನಡುವೆ ಕೋರ್ಟ್ ಆದೇಶದ ಮೇಲೆ ಪೊಲೀಸ್ ರಕ್ಷಣೆ ಪಡೆದ 23 ದಿನ

ತಡೆಯಾಜ್ಞೆ ಸಿಕ್ಕ ಮರುದಿನವೇ ಗೇಟು ತೆರೆಯುತ್ತದೆ ಅಂತ ಯಾರಾದರೂ ಹೇಳಿದರೆ ನಂಬಬೇಡಿ. ನಮಗೆ ಆದೇಶ ಸಿಕ್ಕಿದ್ದು ಒಂಬತ್ತನೇ ದಿನ. ಮೊದಲ ಲಾರಿ ಹೊರಗೆ ಹೋಗಿದ್ದು ಇಪ್ಪತ್ತನೇ ದಿನ. ನಡುವಿನ ಹನ್ನೊಂದು ದಿನ ಯಾಕೆ ಹಿಡಿಯಿತು, ಅದರಲ್ಲಿ ಎಷ್ಟು ನಮ್ಮದೇ ತಪ್ಪು ಅನ್ನುವುದನ್ನು ಇಲ್ಲಿ ಬರೆದಿಡುತ್ತಿದ್ದೇವೆ. ಮುಂದೆ ಇದೇ ದಾರಿ ಹಿಡಿಯುವವರಿಗೆ ಒಂದೆರಡು ದಿನವಾದರೂ ಉಳಿದೀತು.

ನಮ್ಮದು ಬೆಂಗಳೂರಿನ ಹೊರವಲಯದ ಕೈಗಾರಿಕಾ ಪ್ರದೇಶದಲ್ಲಿ ಗೇರ್ ಬಿಡಿಭಾಗ ಮಾಡುವ ಕಾರ್ಖಾನೆ. ಕಾಯಂ ಕಾರ್ಮಿಕರು 180 ಮಂದಿ. ವೇತನ ಒಪ್ಪಂದದ ಅವಧಿ ಮುಗಿದಿತ್ತು, ಮಾತುಕತೆ ಎಳೆದಾಡುತ್ತಿತ್ತು, ಮೂವರ ಅಮಾನತು ಆ ಬೆಂಕಿಗೆ ತುಪ್ಪ ಸುರಿಯಿತು. ಅಮಾನತು ಸರಿಯೋ ತಪ್ಪೋ ಅನ್ನುವುದು ಬೇರೆ ಜಗಳ. ಅದನ್ನು ಇಲ್ಲಿ ತರದಿರುವುದಕ್ಕೆ ಕಾರಣವಿದೆ, ಮುಂದೆ ಗೊತ್ತಾಗುತ್ತದೆ.

ಸೋಮವಾರ ಬೆಳಿಗ್ಗೆ ಮೊದಲ ಪಾಳಿಯವರು ಒಳಗೆ ಬರದೆ ಗೇಟಿನ ಮುಂದೆಯೇ ಕೂತರು. ಒಳಗೆ ಎರಡು ಲಾರಿ ಲೋಡ್ ಆಗಿ ನಿಂತಿದ್ದವು. 112ಕ್ಕೆ ಕರೆ ಮಾಡಿದೆವು. ಪೊಲೀಸ್ ಗಾಡಿ ಬಂತು, ಮಾತಾಡಿ ಒಂದು ಬದಿ ದಾರಿ ಬಿಡಿಸಿದರು, ಹೋದರು. ಅರ್ಧ ಗಂಟೆಯಲ್ಲಿ ಮತ್ತೆ ಮೊದಲಿನಂತೆಯೇ. ಆ ದಿನ ಇದು ನಾಲ್ಕು ಸಲ ಆಯಿತು. ಕರೆ ಮಾಡಿದಾಗಲೆಲ್ಲ ಬರುವ ಎಸ್ಸೆಮ್ಮೆಸ್ಸನ್ನು ಅಳಿಸಬೇಡಿ. ಎಷ್ಟು ಹೊತ್ತಿಗೆ ಕರೆದಿರಿ, ಎಷ್ಟು ಸಲ ಕರೆದಿರಿ ಅನ್ನುವುದಕ್ಕೆ ಅದೇ ಮೊದಲ ಸಾಕ್ಷಿ.

ಸಂಜೆ ಠಾಣೆಗೆ ಲಿಖಿತ ದೂರು ಕೊಟ್ಟೆವು. ಸ್ವೀಕೃತಿ ಸಿಕ್ಕಿತು, ಎಫ್‌ಐಆರ್ ಆಗಲಿಲ್ಲ. ಎರಡು ದಿನ ಅಲೆದ ಮೇಲೆ ಬಂದ ಹಿಂಬರಹದಲ್ಲಿ, ಅಂದರೆ ಠಾಣೆಯ ಲಿಖಿತ ಉತ್ತರದಲ್ಲಿ, ಇದ್ದದ್ದು ಇಷ್ಟೇ: ವಿಷಯ ಆಡಳಿತ ಮಂಡಳಿ ಮತ್ತು ಕಾರ್ಮಿಕರ ನಡುವಿನದು, ಸಿವಿಲ್ ಸ್ವರೂಪದ್ದು, ಸಂಬಂಧಪಟ್ಟ ಇಲಾಖೆ ಅಥವಾ ನ್ಯಾಯಾಲಯದಲ್ಲಿ ಪರಿಹರಿಸಿಕೊಳ್ಳುವುದು. ಓದಿದಾಗ ಮೈ ಉರಿಯಿತು. ವಕೀಲರು ಮಾತ್ರ ಅದನ್ನು ನೋಡಿ ನಕ್ಕರು. "ಇದನ್ನ ಲ್ಯಾಮಿನೇಟ್ ಮಾಡಿಸಿ ಇಟ್ಕೊಳ್ಳಿ ಸಾರ್" ಅಂದರು. ಮುಂದೆ ಹೈಕೋರ್ಟಿಗೆ ಹೋಗಬೇಕಾಗಿ ಬಂದರೆ, ಪೊಲೀಸರನ್ನು ಕೇಳಿದ್ದೆವು, ಅವರು ಮಾಡಲಿಲ್ಲ ಎಂದು ತೋರಿಸಲೇಬೇಕು. ಹಿಂಬರಹ ಇಲ್ಲದೆ ಆ ಮಾತಿಗೆ ತೂಕವಿಲ್ಲ. ಬಾಯಿಮಾತಿನ "ಆಗಲ್ಲ" ಕೇಳಿಕೊಂಡು ವಾಪಸ್ ಬರಬೇಡಿ, ಬರೆಸಿಕೊಂಡೇ ಬನ್ನಿ.

ಎರಡನೇ ದಿನವೇ ಸಹಾಯಕ ಕಾರ್ಮಿಕ ಆಯುಕ್ತರಿಗೆ ಪತ್ರ ಕೊಟ್ಟಿದ್ದೆವು. ಮೂರನೇ ದಿನ ಸಂಧಾನ ಸಭೆ ನಡೆದು ಮುರಿದುಬಿತ್ತು. ಸಭೆಯ ನಡವಳಿಯ ಪ್ರತಿಯನ್ನು ಅಲ್ಲೇ ಪಡೆದುಕೊಳ್ಳಿ. "ಮಾತುಕತೆಗೆ ನಾವು ಸಿದ್ಧ" ಎಂದು ಅದರಲ್ಲಿ ದಾಖಲಾಗಿದ್ದರೆ ನ್ಯಾಯಾಧೀಶರ ಮುಂದೆ ನಿಮ್ಮ ಮುಖ ಸ್ವಲ್ಪ ಬೆಳ್ಳಗಿರುತ್ತದೆ.

ಇಲ್ಲಿ ನಾವು ಮಾಡಿದ ಮೊದಲ ತಪ್ಪು ಹೇಳಬೇಕು. ಗೇಟಿಗೆ ಅಂಟಿಸಿದ ನೋಟಿಸಿನಲ್ಲಿ "ಸಂಧಾನ ಬಾಕಿ ಇರುವಾಗ ಮುಷ್ಕರ ಕಾನೂನುಬಾಹಿರ" ಎಂದು ದಪ್ಪ ಅಕ್ಷರದಲ್ಲಿ ಬರೆದಿದ್ದೆವು. ಆಗ ಜಾರಿಯಲ್ಲಿದ್ದ 1947ರ ಕೈಗಾರಿಕಾ ವಿವಾದ ಕಾಯ್ದೆಯ 23ನೇ ಸೆಕ್ಷನ್ ಹೇಳುವುದು ಸಂಧಾನ ಮಂಡಳಿಯ ಮುಂದಿನ ನಡಾವಳಿಯ ಬಗ್ಗೆ, ಸಹಾಯಕ ಆಯುಕ್ತರಂಥ ಸಂಧಾನ ಅಧಿಕಾರಿಯ ಮುಂದಿನದರ ಬಗ್ಗೆ ಅಲ್ಲ. ಸಾರ್ವಜನಿಕ ಉಪಯುಕ್ತ ಸೇವೆಯಲ್ಲದ ನಮ್ಮಂಥ ಕಾರ್ಖಾನೆಗೆ ಆ ವಾದ ನಿಲ್ಲುತ್ತಲೇ ಇರಲಿಲ್ಲ. ಯೂನಿಯನ್ ವಕೀಲರು ಅದನ್ನೇ ಹಿಡಿದು, ನಾವು ಕಾರ್ಮಿಕರನ್ನು ಹೆದರಿಸಲು ಸುಳ್ಳು ಬರೆದಿದ್ದೇವೆ ಎಂದು ವಾದಿಸಿದರು. ಈಗ ಲೆಕ್ಕ ಬದಲಾಗಿದೆ. 2025ರ ನವೆಂಬರ್ 21ರಿಂದ ಕೈಗಾರಿಕಾ ಸಂಬಂಧಗಳ ಸಂಹಿತೆ ಜಾರಿಗೆ ಬಂದಿದೆ. ಅದರ 62ನೇ ಸೆಕ್ಷನ್ ಪ್ರಕಾರ ಯಾವ ಕೈಗಾರಿಕಾ ಸಂಸ್ಥೆಯಲ್ಲೇ ಆಗಲಿ ಮುಷ್ಕರಕ್ಕೆ 14 ದಿನದ ಮುಂಗಡ ನೋಟಿಸ್ ಬೇಕು, ಸಂಧಾನ ಅಧಿಕಾರಿಯ ಮುಂದೆ ನಡಾವಳಿ ಇರುವಾಗಲೂ ಅದು ಮುಗಿದ ಏಳು ದಿನದವರೆಗೂ ಮುಷ್ಕರ ಹೂಡುವಂತಿಲ್ಲ. ಅರ್ಧದಷ್ಟು ಅಥವಾ ಅದಕ್ಕಿಂತ ಹೆಚ್ಚು ಜನ ಒಟ್ಟಿಗೆ ಸಾಂದರ್ಭಿಕ ರಜೆ ಹಾಕಿದರೂ ಅದು ಮುಷ್ಕರವೇ. ಹಳೆಯ ಮಾದರಿ ದಾವೆ ಪತ್ರ ಇಟ್ಟುಕೊಂಡು ಟೈಪ್ ಮಾಡಿಸುವವರು ಸೆಕ್ಷನ್ನುಗಳನ್ನು ಒಂದೊಂದಾಗಿ ತಿದ್ದಿಸಿ.

ನಾಲ್ಕನೇ ದಿನ ವಕೀಲರು ಎರಡು ದಾರಿ ತೋರಿಸಿದರು. ಒಂದು, ಸಿವಿಲ್ ಕೋರ್ಟಿನಲ್ಲಿ ಶಾಶ್ವತ ನಿರ್ಬಂಧಕಾಜ್ಞೆಯ ದಾವೆ, ಅದರ ಜೊತೆಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿಪಿಸಿ) 39ನೇ ಆದೇಶದ 1 ಮತ್ತು 2ನೇ ನಿಯಮದಡಿ ತಾತ್ಕಾಲಿಕ ತಡೆಯಾಜ್ಞೆಗೆ ಅರ್ಜಿ. ಇನ್ನೊಂದು, ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿನಲ್ಲಿ ರಿಟ್. ರಿಟ್ ದಾರಿಯಲ್ಲಿ ಗೃಹ ಇಲಾಖೆ, ಎಸ್‌ಪಿ, ಠಾಣಾಧಿಕಾರಿ ಎಲ್ಲರೂ ಪ್ರತಿವಾದಿಗಳಾಗುತ್ತಾರೆ, ಆದೇಶ ನೇರವಾಗಿ ಪೊಲೀಸರ ಹೆಸರಿಗೇ ಬರುತ್ತದೆ. ಆದರೆ ಆ ಆದೇಶಗಳ ಧಾಟಿ ಬಹುಪಾಲು ಒಂದೇ: ಕಾನೂನು ಸುವ್ಯವಸ್ಥೆಗೆ ಧಕ್ಕೆ ಬಂದರೆ ಅರ್ಜಿದಾರರ ಮನವಿಯನ್ನು ಪರಿಗಣಿಸಿ ರಕ್ಷಣೆ ಕೊಡುವುದು, ಶಾಂತಿಯುತ ಪ್ರತಿಭಟನೆಗೆ ಇದು ಅಡ್ಡಿಯಲ್ಲ. ಗೇಟು, ಅಳತೆ, ಹೆಸರು ಒಂದೂ ಇರುವುದಿಲ್ಲ. ನಮಗೆ ಬೇಕಿದ್ದದ್ದು ಅಳತೆ. ಸಿವಿಲ್ ದಾವೆಯನ್ನೇ ಆಯ್ದುಕೊಂಡೆವು.

ಬೆಂಗಳೂರು ನಗರದೊಳಗೆ ಇಂಥ ದಾವೆ ಸಿಟಿ ಸಿವಿಲ್ ಕೋರ್ಟಿಗೆ ಹೋಗುತ್ತದೆ. ನಮ್ಮದು ತಾಲ್ಲೂಕು ವ್ಯಾಪ್ತಿ, ಆದ್ದರಿಂದ ಕಿರಿಯ ಶ್ರೇಣಿ ಸಿವಿಲ್ ನ್ಯಾಯಾಧೀಶರ ಮುಂದೆ. ಕೋರ್ಟ್ ಶುಲ್ಕ ಕೇಳಿದರೆ ನಗು ಬರುತ್ತದೆ. 1958ರ ಕರ್ನಾಟಕ ಕೋರ್ಟ್ ಫೀ ಮತ್ತು ದಾವೆ ಮೌಲ್ಯಮಾಪನ ಕಾಯ್ದೆಯ 26(ಸಿ) ಸೆಕ್ಷನ್ನಿನಡಿ ದಾವೆಯ ಮೌಲ್ಯವನ್ನು 1,000 ರೂಪಾಯಿ ಎಂದು ತೋರಿಸುತ್ತಾರೆ, ಶುಲ್ಕ 25 ರೂಪಾಯಿ. ಉಳಿದ ಖರ್ಚು 25 ರೂಪಾಯಿಯದ್ದಲ್ಲ. ವಕೀಲರ ಫೀಸು, ಟೈಪಿಂಗ್, ಜೆರಾಕ್ಸ್, ಅಂಚೆ, ಓಡಾಟ ಸೇರಿ ನಮಗೆ 1 ಲಕ್ಷ 40 ಸಾವಿರ ಆಯಿತು. ಜೆರಾಕ್ಸ್ ಒಂದೇ 9 ಸಾವಿರ. ಪ್ರತಿವಾದಿಗಳು 15 ಅಂದರೆ ದಾಖಲೆಗಳ ಕಟ್ಟು 15, ಕೋರ್ಟಿಗೊಂದು, ನಮಗೊಂದು.

ದಾವೆ ಬರೆಯುವಾಗ ನೆನಪಿಡಬೇಕಾದ ಮುಖ್ಯ ವಿಷಯ ಇದು. ಮುಷ್ಕರ ಸರಿಯೇ, ಅಮಾನತು ನ್ಯಾಯವೇ, ಬೇಡಿಕೆ ಹೆಚ್ಚಾಯಿತೇ ಎಂಬುದನ್ನೆಲ್ಲ ಸಿವಿಲ್ ಕೋರ್ಟ್ ನೋಡುವುದಿಲ್ಲ. ಕೈಗಾರಿಕಾ ವಿವಾದ ಕಾಯ್ದೆಯಿಂದಲೇ ಹುಟ್ಟಿದ ಹಕ್ಕುಗಳಿಗೆ ಆ ಕಾಯ್ದೆಯ ವೇದಿಕೆಗಳೇ ಗತಿ ಎಂದು 1975ರಲ್ಲಿ ಪ್ರೀಮಿಯರ್ ಆಟೊಮೊಬೈಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ನಮ್ಮ ಮೊದಲ ಕರಡಿನ ಹನ್ನೆರಡು ಪುಟದಲ್ಲಿ ಏಳು ಪುಟ ಕಾರ್ಮಿಕರ ಅಶಿಸ್ತಿನ ಪುರಾಣವೇ ಇತ್ತು. ವಕೀಲರು ಕೆಂಪು ಪೆನ್ನು ಹಿಡಿದು ಅಷ್ಟನ್ನೂ ಹೊಡೆದರು. ಉಳಿದದ್ದು ಆಸ್ತಿ ನಮ್ಮದು, ದಾರಿ ಇದು, ಇಂಥ ದಿನ ಇಷ್ಟು ಗಂಟೆಗೆ ಇಂಥ ವಾಹನವನ್ನು ಇಂಥವರು ತಡೆದರು, ಅದರಿಂದ ಸರಿಪಡಿಸಲಾಗದ ನಷ್ಟ. ಕೇಳಿದ್ದೂ ಅಷ್ಟೇ: ಮುಷ್ಕರ ನಿಲ್ಲಿಸಿ ಎಂದಲ್ಲ, ದಾರಿ ತಡೆಯಬೇಡಿ ಎಂದು. ಮುಷ್ಕರ ನಿಲ್ಲಿಸಿ ಎಂದು ಕೇಳಿದ್ದರೆ ಅರ್ಜಿ ಅಲ್ಲೇ ಬೀಳುತ್ತಿತ್ತು.

ಸರಿಪಡಿಸಲಾಗದ ನಷ್ಟ ಅಂದರೆ ದಿನಕ್ಕೆ ಇಷ್ಟು ಲಕ್ಷ ಹೋಯಿತು ಎಂಬ ಲೆಕ್ಕ ಸಾಲದು. ದುಡ್ಡಿನ ನಷ್ಟವನ್ನು ದುಡ್ಡಿನಿಂದ ತುಂಬಬಹುದು ಎಂದು ಎದುರಿನವರು ಹೇಳುತ್ತಾರೆ. ನಮ್ಮ ಕೈ ಹಿಡಿದದ್ದು ಹೀಟ್ ಟ್ರೀಟ್‌ಮೆಂಟ್ ಫರ್ನೇಸ್. ಸುಮಾರು 900 ಡಿಗ್ರಿಯಲ್ಲಿ, ಒಳಗೆ ಉರಿಯುವ ಅನಿಲ ತುಂಬಿಕೊಂಡು ನಡೆಯುವ ಕುಲುಮೆ ಅದು. ಸ್ವಿಚ್ ಆರಿಸಿ ಮನೆಗೆ ಹೋಗುವಂತಿಲ್ಲ, ನೈಟ್ರೋಜನ್ ಹಾಯಿಸಿ ಹಂತಹಂತವಾಗಿ ಇಳಿಸಬೇಕು. ಅದಕ್ಕೆ ತರಬೇತಾದ ನಾಲ್ವರು ಪಾಳಿಗೆ ಬರಲೇಬೇಕು, ನೈಟ್ರೋಜನ್ ಟ್ಯಾಂಕರ್ ಒಳಗೆ ಬರಲೇಬೇಕು. ಇದನ್ನು ಒಂದೂವರೆ ಪುಟದ ಪ್ರಮಾಣಪತ್ರದಲ್ಲಿ ಮೇಂಟೆನೆನ್ಸ್ ಎಂಜಿನಿಯರ್ ಕೈಯಿಂದಲೇ ಬರೆಸಿದೆವು. ನಿಮ್ಮಲ್ಲಿ ಬಾಯ್ಲರ್ ಇರಬಹುದು, ಅಮೋನಿಯಾ ಶೀತಲ ಘಟಕ ಇರಬಹುದು, ತ್ಯಾಜ್ಯ ನೀರಿನ ಘಟಕ ಇರಬಹುದು. ಅದನ್ನೇ ಮುಂದಿಡಿ.

ಜೊತೆಗೆ ಕಟ್ಟಬೇಕಾದ ದಾಖಲೆಗಳು: ದಾವೆಗೆ ಸಹಿ ಹಾಕುವವರಿಗೆ ಅಧಿಕಾರ ಕೊಟ್ಟ ಬೋರ್ಡ್ ಠರಾವು, ನಿವೇಶನದ ಕ್ರಯಪತ್ರ ಇಲ್ಲವೇ ಲೀಸ್ ಕಂ ಸೇಲ್ ಪತ್ರ, ಕಾರ್ಖಾನೆ ಪರವಾನಗಿ, ಪೊಲೀಸ್ ದೂರು, ಸ್ವೀಕೃತಿ, ಹಿಂಬರಹ, ಸಂಧಾನ ನಡವಳಿ, ಸೆಕ್ಯುರಿಟಿ ರಿಜಿಸ್ಟರಿನ ಪುಟಗಳು, ಲಾರಿಯವರ ಎಲ್‌ಆರ್ (ಸರಕು ರಸೀದಿ) ಪ್ರತಿ, ಫೋಟೊ, ಸಿಸಿಟಿವಿ. ಕೊನೆಯದೇ ತಲೆನೋವು. 2023ರ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್ ಪ್ರಕಾರ ಎರಡು ಭಾಗದ ಪ್ರಮಾಣಪತ್ರ ಬೇಕು. ಒಂದು ಭಾಗಕ್ಕೆ ಯಂತ್ರ ಯಾರ ಸುಪರ್ದಿಯಲ್ಲಿದೆಯೋ ಅವರ ಸಹಿ, ಇನ್ನೊಂದಕ್ಕೆ ತಜ್ಞರ ಸಹಿ, ಜೊತೆಗೆ ಫೈಲಿನ ಹ್ಯಾಶ್ ಮೌಲ್ಯ, ಅಂದರೆ ಫೈಲನ್ನು ತಿದ್ದಿಲ್ಲ ಎಂದು ತೋರಿಸುವ ಸಂಕೇತ. ಸಿಸಿಟಿವಿ ರೆಕಾರ್ಡ್ ಮಾಡುವ ನಮ್ಮ ಡಿವಿಆರ್ ಗಡಿಯಾರ 11 ನಿಮಿಷ ಹಿಂದಿತ್ತು. 112ರ ಎಸ್ಸೆಮ್ಮೆಸ್ 9.20 ಅನ್ನುತ್ತದೆ, ವಿಡಿಯೊದಲ್ಲಿ ಪೊಲೀಸರು ಬಂದು ಹೋಗುವುದು 9.18ಕ್ಕೇ! ಕರೆ ಮಾಡುವ ಮುಂಚೆಯೇ ಪೊಲೀಸರು ಬಂದಂತಾಯಿತು ಎಂದು ಎದುರು ವಕೀಲರು ಕೋರ್ಟಿನಲ್ಲಿ ಕುಟುಕಿದರು. ಗಡಿಯಾರದ ವ್ಯತ್ಯಾಸವನ್ನು ಪ್ರಮಾಣಪತ್ರದಲ್ಲೇ ಮೊದಲು ಹೇಳಿಬಿಟ್ಟಿದ್ದರೆ ಆ ಮುಜುಗರ ತಪ್ಪುತ್ತಿತ್ತು. ಇನ್ನೊಂದು: 15 ದಿನಕ್ಕೊಮ್ಮೆ ಹಳೆಯದರ ಮೇಲೆ ಹೊಸದು ರೆಕಾರ್ಡ್ ಆಗುವ ಡಿವಿಆರ್ ಆಗಿದ್ದರೆ ಮೊದಲ ವಾರವೇ ಹಾರ್ಡ್ ಡಿಸ್ಕ್ ತೆಗೆದು ಬೀರುವಿನಲ್ಲಿಡಿ, ಹೊಸದು ಹಾಕಿ.

ಪ್ರತಿವಾದಿಗಳು ಯಾರು? ನೋಂದಾಯಿತ ಯೂನಿಯನ್ನನ್ನು ಅದರ ಹೆಸರಲ್ಲೇ ಸೇರಿಸಬಹುದು. 180 ಜನರನ್ನೂ ಸೇರಿಸಲಾಗದು. ಕೆಲವರನ್ನು ಎಲ್ಲರ ಪ್ರತಿನಿಧಿಗಳಾಗಿ ಸೇರಿಸುವ ಪ್ರಾತಿನಿಧಿಕ ದಾವೆ ಅಂದರೆ ಕೋರ್ಟಿನ ಅನುಮತಿ, ಪತ್ರಿಕಾ ಪ್ರಕಟಣೆ ಅಂತ ಮತ್ತೆ ಸಮಯ. ಯೂನಿಯನ್ ಜೊತೆಗೆ ಗೇಟಿನಲ್ಲಿ ಮುಂದೆ ನಿಂತಿದ್ದ 14 ಜನರ ಹೆಸರು ಹಾಕಿದೆವು. ಅವರಲ್ಲೊಬ್ಬರು ಆ ವಾರವೆಲ್ಲ ಇಎಸ್‌ಐ ರಜೆಯಲ್ಲಿದ್ದರು! ಸೂಪರ್‌ವೈಸರ್ ಹೇಳಿದ ಹೆಸರನ್ನು ಹಾಜರಿ ಪುಸ್ತಕದ ಜೊತೆ ತಾಳೆ ನೋಡದೆ ಬರೆದುಕೊಂಡದ್ದರ ಫಲ. ಪ್ರಮಾಣಪತ್ರ ಕೊಟ್ಟು ಅವರನ್ನು ಕೈಬಿಡಬೇಕಾಯಿತು. ಮುಷ್ಕರ ಮುಗಿದ ಮೇಲೂ ಆ ಮನುಷ್ಯ ನಮ್ಮ ಕಡೆ ತಿರುಗಿ ನೋಡಲಿಲ್ಲ, ತಪ್ಪು ಅವರದ್ದಲ್ಲ.

ಶುಕ್ರವಾರ ಸಂಜೆ ಎಲ್ಲ ಸಿದ್ಧ. ಮರುದಿನ ಎರಡನೇ ಶನಿವಾರ, ಆಮೇಲೆ ಭಾನುವಾರ. ಆ ಎರಡು ದಿನ ಕುಲುಮೆಯ ಪಕ್ಕ ಇಬ್ಬರೇ ಪಾಳಿಯ ಮೇಲೆ ಪಾಳಿ ಕಾದರು. ಸೋಮವಾರ ಸಲ್ಲಿಸಿದರೆ ಕಚೇರಿ ಆಕ್ಷೇಪಣೆ: ಠರಾವಿನಲ್ಲಿ ದಿನಾಂಕ ತಿದ್ದಿದೆ, ನಕ್ಷೆಗೆ ಸಹಿ ಇಲ್ಲ. ಮಂಗಳವಾರ ಸರಿಪಡಿಸಿ ನಂಬರ್ ಬಿತ್ತು. ಯೂನಿಯನ್ ಕೇವಿಯಟ್ (ನಮ್ಮನ್ನು ಕೇಳದೆ ಆದೇಶ ಕೊಡಬೇಡಿ ಎಂಬ ಮುಂಗಡ ಅರ್ಜಿ) ಹಾಕಿದೆಯೇ ಎಂದು ಮೊದಲೇ ವಿಚಾರಿಸಿ. ಹಾಕಿದ್ದರೆ ಏಕಪಕ್ಷೀಯ ಆದೇಶದ ಆಸೆ ಬಿಡಿ. ನಮ್ಮ ಪ್ರಕರಣದಲ್ಲಿ ಇರಲಿಲ್ಲ. ಅಂದೇ ಸಂಜೆ ಆದೇಶ ಬಂತು: ಪ್ರತಿವಾದಿಗಳು ಕಾರ್ಖಾನೆಗೆ ಹೋಗಿಬರುವ ಜನ, ವಾಹನ, ಸರಕನ್ನು ತಡೆಯಬಾರದು, ಗೇಟಿನಿಂದ 100 ಮೀಟರ್ ಒಳಗೆ ಧರಣಿ ಕೂರಬಾರದು, ಮುಂದಿನ ದಿನಾಂಕದವರೆಗೆ.

ಏಕಪಕ್ಷೀಯ ಆದೇಶದ ಬೆನ್ನಿಗೆ ಒಂದು ಗಡುವು ಇರುತ್ತದೆ. 39ನೇ ಆದೇಶದ 3ನೇ ನಿಯಮದಂತೆ ದಾವೆ, ಅರ್ಜಿ, ಪ್ರಮಾಣಪತ್ರ, ದಾಖಲೆ ಎಲ್ಲದರ ಪ್ರತಿಯನ್ನು ಎದುರಿನವರಿಗೆ ಕೂಡಲೇ ಕಳಿಸಿ, ಕಳಿಸಿದ್ದೇವೆ ಎಂದು ಅಂದೇ ಅಥವಾ ಮರುದಿನ ಪ್ರಮಾಣಪತ್ರ ಹಾಕಬೇಕು. ತಪ್ಪಿದರೆ ಆದೇಶ ತೆರವಿಗೆ ಅದೊಂದೇ ಕಾರಣ ಸಾಕು. 15 ಲಕೋಟೆಗಳನ್ನು ರಾತ್ರಿಯೇ ಅಂಟಿಸಿಟ್ಟು, ಬೆಳಿಗ್ಗೆ ಅಂಚೆ ಕಚೇರಿ ಬಾಗಿಲು ತೆರೆಯುವ ಹೊತ್ತಿಗೆ ನಿಂತಿದ್ದೆವು. ರಸೀದಿಗಳನ್ನು ಕ್ರಮವಾಗಿ ಹಾಳೆಗೆ ಅಂಟಿಸಿ ಜೆರಾಕ್ಸ್ ಮಾಡಿಸಿ. ಬಿಡಿ ರಸೀದಿಯ ಅಕ್ಷರ ತಿಂಗಳೊಳಗೆ ಮಾಸಿಹೋಗುತ್ತದೆ.

ಹನ್ನೊಂದನೇ ದಿನ ಸರ್ಟಿಫೈಡ್ ಕಾಪಿ ಹಿಡಿದು ಠಾಣೆಗೆ ಹೋದೆವು. ಇನ್‌ಸ್ಪೆಕ್ಟರ್ ಎರಡು ಸಲ ಓದಿದರು. "ಇದರಲ್ಲಿ ನಮಗೆಲ್ಲಿ ಹೇಳಿದೆ ತೋರ್ಸಿ" ಅಂದರು. ಅವರು ಕೇಳಿದ್ದು ಸರಿಯೇ. ಆದೇಶ ಇದ್ದದ್ದು ಯೂನಿಯನ್ ವಿರುದ್ಧ. ಪೊಲೀಸರು ದಾವೆಯಲ್ಲೇ ಇಲ್ಲ. ಆದೇಶ ಮುರಿದರೆ ಅದೇ 39ನೇ ಆದೇಶದ 2ಎ ನಿಯಮದಡಿ ಕೋರ್ಟಿಗೇ ಹೋಗಿ ಆಸ್ತಿ ಜಪ್ತಿ, ಮೂರು ತಿಂಗಳವರೆಗೆ ಸಿವಿಲ್ ಸೆರೆ ಕೇಳಬಹುದು. ಆದರೆ ಅದು ತಿಂಗಳುಗಟ್ಟಲೆ ವಿಚಾರಣೆ, ಆ ಹೊತ್ತಿಗೆ ಲಾರಿ ಹೋಗುವುದಿಲ್ಲ. ಪೊಲೀಸರಿಗೆ ನಿರ್ದೇಶನ ಬೇಕಿದ್ದರೆ ಸಿಪಿಸಿ 151ನೇ ಸೆಕ್ಷನ್ನಿನಡಿ ಪೊಲೀಸ್ ನೆರವಿಗೆ ಪ್ರತ್ಯೇಕ ಅರ್ಜಿ ಹಾಕಬೇಕು. ಅದಕ್ಕೆ ಕೋರ್ಟ್ ಮೊದಲು ಕೇಳುವುದು: ಆದೇಶ ಅವರಿಗೆ ತಲುಪಿದೆಯೇ, ತಲುಪಿದ ಮೇಲೂ ಮುರಿದರೇ, ಪೊಲೀಸರಿಗೆ ಹೇಳಿದಿರೇ?

ಹನ್ನೆರಡನೇ ದಿನ ನೈಟ್ರೋಜನ್ ಟ್ಯಾಂಕರ್ ತಡೆಯಲಾಯಿತು. ಚಾಲಕ ಹೊಸೂರಿನವರು, ಅವರೇ ದೂರು ಕೊಟ್ಟರು. ಈ ಸಲ ಕೋರ್ಟ್ ಆದೇಶ ಕಡತದಲ್ಲಿದ್ದುದರಿಂದ ಭಾರತೀಯ ನ್ಯಾಯ ಸಂಹಿತೆಯ (ಬಿಎನ್‌ಎಸ್) 126(2) (ಅಕ್ರಮವಾಗಿ ತಡೆಯುವುದು) ಮತ್ತು 189(2)ರಡಿ (ಅಕ್ರಮ ಕೂಟ) ಎಫ್‌ಐಆರ್ ಆಯಿತು. ಅದರ ಪ್ರತಿ, ಆದೇಶದ ಪ್ರತಿಯನ್ನು ಗೇಟಿನಲ್ಲಿ ಅಂಟಿಸಿ ತೆಗೆದ ಫೋಟೊ, ಅಂಚೆ ಟ್ರ್ಯಾಕಿಂಗ್ ಪುಟ, ಠಾಣೆಗೆ ಕೊಟ್ಟ ಮನವಿಯ ಸ್ವೀಕೃತಿ ಎಲ್ಲ ಸೇರಿಸಿ ಹದಿನೈದನೇ ದಿನ 151ರ ಅರ್ಜಿ ಹಾಕಿದೆವು. ಎಸ್‌ಪಿ ಕಚೇರಿಗೂ ಪತ್ರ ಕೊಟ್ಟೆವು. ಕಾರ್ಮಿಕ ಇಲಾಖೆ ಹೇಳಲಿ ಎಂದು ಪೊಲೀಸರು ಕೈಕಟ್ಟಿ ಕೂರುವಂತಿಲ್ಲ ಎನ್ನಲು ವಕೀಲರು ಅದರಲ್ಲಿ ಹಳೆಯದೊಂದು ತೀರ್ಪು ಸೇರಿಸಿದ್ದರು. 1967ರಲ್ಲಿ ಪಶ್ಚಿಮ ಬಂಗಾಳ ಸರ್ಕಾರ ಘೇರಾವ್ ನಡೆದಾಗ ಪೊಲೀಸರು ಮೊದಲು ಕಾರ್ಮಿಕ ಸಚಿವರನ್ನು ಕೇಳಬೇಕು ಎಂದು ಸುತ್ತೋಲೆ ಹೊರಡಿಸಿತ್ತು. ಜಯ್ ಎಂಜಿನಿಯರಿಂಗ್ ವರ್ಕ್ಸ್ ಪ್ರಕರಣದಲ್ಲಿ ಕಲ್ಕತ್ತಾ ಹೈಕೋರ್ಟ್ ಅದನ್ನು ರದ್ದು ಮಾಡಿತು.

ಯೂನಿಯನ್ ವಕೀಲರು ಹದಿನೇಳನೇ ದಿನ ಹಾಜರಾಗಿ ಆದೇಶ ಬದಲಾವಣೆಗೆ 4ನೇ ನಿಯಮದ ಅರ್ಜಿ ಹಾಕಿದರು. ಅವರ ವಾದ ಗಟ್ಟಿಯಾಗಿತ್ತು: 100 ಮೀಟರ್ ಅಂದರೆ ಪಕ್ಕದ ಎರಡು ಕಾರ್ಖಾನೆಯ ಮುಂಭಾಗ, ಬಸ್ ನಿಲ್ದಾಣ, ಸಾರ್ವಜನಿಕ ರಸ್ತೆ ಎಲ್ಲವೂ ಬರುತ್ತದೆ, ಹಾಗಾದರೆ ಪ್ರತಿಭಟಿಸುವುದೆಲ್ಲಿ? ನಮ್ಮ ನಕ್ಷೆಯಲ್ಲಿ ಅಳತೆಯೇ ಇರಲಿಲ್ಲ, ಉತ್ತರ ಕೊಡಲು ತಡವರಿಸಿದೆವು. ಹದಿನೆಂಟನೇ ದಿನದ ಆದೇಶದಲ್ಲಿ 100 ಹೋಗಿ 50 ಮೀಟರ್ ಬಂತು, ಶಾಂತಿಯುತ ಧರಣಿಗೆ ಅಡ್ಡಿಯಿಲ್ಲ ಎಂಬ ಸಾಲು ಸೇರಿತು. ಕೊನೆಗೆ ನಾವು ಕಾದಿದ್ದ ವಾಕ್ಯ: ವಾದಿ ಈ ಆದೇಶದ ಪ್ರತಿಯೊಂದಿಗೆ ಕೋರಿದಲ್ಲಿ ಠಾಣಾಧಿಕಾರಿಗಳು ಆದೇಶ ಪಾಲನೆಗೆ ಅಗತ್ಯ ನೆರವು ಒದಗಿಸತಕ್ಕದ್ದು. ಈ ಒಂದು ಸಾಲಿಗಾಗಿಯೇ ಉಳಿದದ್ದೆಲ್ಲ. ಮೊದಲ ಅರ್ಜಿಯ ಜೊತೆಗೇ 151ರ ಅರ್ಜಿಯನ್ನೂ ಹಾಕಿಟ್ಟು ಬಾಕಿ ಇರಿಸಿಕೊಂಡಿದ್ದರೆ ನಾಲ್ಕೈದು ದಿನ ಉಳಿಯುತ್ತಿತ್ತು.

ಹತ್ತೊಂಬತ್ತನೇ ದಿನ ಮಧ್ಯಾಹ್ನ ಸಬ್ ಇನ್‌ಸ್ಪೆಕ್ಟರ್ ಬಂದು "ಗೇಟಿಂದ ಅಂದ್ರೆ ಯಾವ ಕಂಬದಿಂದ?" ಎಂದು ಕೇಳಿದರು. ಆದೇಶದಲ್ಲಿ ಅದಿಲ್ಲ. ಗೇಟಿಗೆ ಎರಡು ಕಂಬ, ನಡುವೆ ಎಂಟು ಮೀಟರ್. ಯೂನಿಯನ್ ಕಾರ್ಯದರ್ಶಿಯನ್ನೂ ಕರೆದು, ಎಡಗಡೆಗೆ ಎಡ ಕಂಬದಿಂದ, ಬಲಗಡೆಗೆ ಬಲ ಕಂಬದಿಂದ ಎಂದು ಒಪ್ಪಿಸಿದರು. ಸಿವಿಲ್ ಕೆಲಸದವರ 30 ಮೀಟರ್ ಟೇಪು ತಂದೆವು. ಒಂದು ತುದಿ ಕಾನ್‌ಸ್ಟೆಬಲ್ ಕೈಯಲ್ಲಿ, ಇನ್ನೊಂದು ತುದಿ ಮುಷ್ಕರದಲ್ಲಿದ್ದ ಫಿಟ್ಟರ್ ಕೈಯಲ್ಲಿ. ಚರಂಡಿ ಪಕ್ಕದ ಟೀ ಅಂಗಡಿ 46 ಮೀಟರಿಗೆ ಬಂತು. ಅಂಗಡಿಯಾಕೆ ಸೊಂಟಕ್ಕೆ ಸೆರಗು ಸಿಕ್ಕಿಸಿಕೊಂಡು ಎದ್ದು ನಿಂತರು. ಟೀ ಕುಡಿಯುವುದು ಧರಣಿಯಲ್ಲ, ಕೂತು ಘೋಷಣೆ ಕೂಗಿದರೆ ಧರಣಿ ಎಂದು ಎಸ್‌ಐ ಅಲ್ಲೇ ತೀರ್ಮಾನಿಸಿದರು. ಸುಣ್ಣದ ಪುಡಿಯಲ್ಲಿ ಗೆರೆ ಬಿತ್ತು. ಶಾಮಿಯಾನ ಅದರಾಚೆ ಹೊಂಗೆ ಮರದ ಕೆಳಗೆ ಹೋಯಿತು. "ಗೆರೆ ಎಳೆದ್ರೆ ಮಿಷನ್ ಓಡ್ತದಾ ಸಾರ್?" ಎಂದು ಕಾರ್ಯದರ್ಶಿ ಕೇಳಿದರು. ನಾವು ಉತ್ತರ ಕೊಡಲಿಲ್ಲ. ರಾತ್ರಿ ಮಳೆಗೆ ಗೆರೆ ಅಳಿಸಿಹೋಯಿತು. ಬೆಳಿಗ್ಗೆ ಬಿಳಿ ಪೇಂಟಿನಲ್ಲಿ ಎಳೆದು, ಪಂಚನಾಮೆಯಂತೆ ಇಬ್ಬರ ಸಹಿ ತೆಗೆದುಕೊಂಡರು. ನೀವು ಮೊದಲೇ ಪೇಂಟ್ ತನ್ನಿ.

ಇಪ್ಪತ್ತನೇ ದಿನ ಒಬ್ಬ ಎಸ್‌ಐ, ಎಂಟು ಸಿಬ್ಬಂದಿ, ಒಂದು ಕೆಎಸ್‌ಆರ್‌ಪಿ ವ್ಯಾನ್. ಹೊರಡುವ ವಾಹನಗಳ ಪಟ್ಟಿ, ನಂಬರ್, ಸಮಯವನ್ನು ಹಿಂದಿನ ಸಂಜೆಯೇ ಠಾಣೆಗೆ ಕೊಟ್ಟಿದ್ದೆವು. ಎರಡು ಲಾರಿ, ಒಂದು ಟ್ಯಾಂಕರ್ ಹನ್ನೆರಡು ನಿಮಿಷದಲ್ಲಿ ದಾಟಿದವು. ಒಂದು ಎಚ್ಚರಿಕೆ: ಪೊಲೀಸರನ್ನು ಕ್ಯಾಂಟೀನಿನಲ್ಲಿ ಕೂರಿಸಿ ಉಪಚರಿಸಲು ಹೋಗಬೇಡಿ. ಮೊದಲ ದಿನ ನಾವು ಅದನ್ನೇ ಮಾಡಿದೆವು. ಮಧ್ಯಾಹ್ನದೊಳಗೆ "ಕಂಪನಿ ಪೊಲೀಸ್" ಎಂಬ ಬರಹದೊಂದಿಗೆ ಫೋಟೊ ಎಲ್ಲರ ಮೊಬೈಲಿನಲ್ಲಿತ್ತು. ಎಸ್‌ಐ ಸಿಟ್ಟಾದರು. ಮರುದಿನದಿಂದ ಗೇಟಿನಾಚೆ ಅವರಿಗೆ ಬೇರೆ ನೆರಳು, ಕ್ಯಾನ್ ನೀರು, ಅಷ್ಟೇ. ಇನ್ನೊಂದು: ಬಂದೋಬಸ್ತ್ ಸಿಕ್ಕಿತೆಂದು ಹೊಸಬರನ್ನು ಬಸ್ಸಿನಲ್ಲಿ ತುಂಬಿ ಮಿಷನ್ನಿಗೆ ಹಾಕಬೇಡಿ. ಕಾನೂನುಬಾಹಿರವಲ್ಲದ ಮುಷ್ಕರದ ವೇಳೆ ಹೊಸ ನೇಮಕ ಅನುಚಿತ ಕಾರ್ಮಿಕ ಪದ್ಧತಿಗಳ ಪಟ್ಟಿಯಲ್ಲೇ ಇದೆ. ಕೋರ್ಟ್ ಕೊಟ್ಟದ್ದು ದಾರಿ, ಉತ್ಪಾದನೆಯಲ್ಲ. ಆ ವಾರ ನಮ್ಮಲ್ಲಿ ಒಂದೇ ಒಂದು ಗೇರ್ ತಯಾರಾಗಲಿಲ್ಲ, ತಯಾರಾಗಿದ್ದುದು ಹೊರಗೆ ಹೋಯಿತು.

ಇಪ್ಪತ್ಮೂರನೇ ದಿನ ಸಹಾಯಕ ಆಯುಕ್ತರ ಮುಂದೆ ಒಪ್ಪಂದವಾಯಿತು. ಅದರಲ್ಲಿ "ಎರಡೂ ಕಡೆಯವರು ಪ್ರಕರಣಗಳನ್ನು ಹಿಂಪಡೆಯತಕ್ಕದ್ದು" ಎಂದು ಒಂದು ಸಾಲು. ದಾವೆ ಸುಲಭ, ಮೆಮೊ ಹಾಕಿ ಹಿಂಪಡೆದೆವು, ಠಾಣೆಗೂ ಲಿಖಿತವಾಗಿ ತಿಳಿಸಿದೆವು. ಎಫ್‌ಐಆರ್ ಹಾಗಲ್ಲ, ಕಂಪನಿ ಹಿಂಪಡೆಯಲು ಅದು ಕಂಪನಿಯದ್ದಲ್ಲ. 126(2) ರಾಜಿಯಾಗಬಲ್ಲ ಅಪರಾಧ, ಆದರೆ ರಾಜಿ ಮಾಡಿಕೊಳ್ಳಬೇಕಾದವರು ತಡೆಯಲ್ಪಟ್ಟ ವ್ಯಕ್ತಿ, ಅಂದರೆ ಟ್ಯಾಂಕರ್ ಚಾಲಕ. 189ಕ್ಕೆ ಕೆಳಗಿನ ಕೋರ್ಟಿನಲ್ಲಿ ರಾಜಿಯೇ ಇಲ್ಲ, ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ (ಬಿಎನ್‌ಎಸ್‌ಎಸ್) 528ರಡಿ ಹೈಕೋರ್ಟಿಗೆ ಹೋಗಿ ರದ್ದು ಕೋರಬೇಕು. ಅಲ್ಲಿಯೂ ದೂರುದಾರನ ಪ್ರಮಾಣಪತ್ರ ಬೇಕು. ಒಪ್ಪಂದಕ್ಕೆ ಸಹಿ ಹಾಕುವ ಮೊದಲು ಇದನ್ನು ವಕೀಲರಿಗೆ ತೋರಿಸಿರಲಿಲ್ಲ. ಆ ಅರ್ಜಿಯ ಖರ್ಚನ್ನು ಕಂಪನಿ ಮತ್ತು ಯೂನಿಯನ್ ಅರ್ಧರ್ಧ ಹಂಚಿಕೊಂಡಿವೆ. ಚಾಲಕ ಆ ಟ್ರಾನ್ಸ್‌ಪೋರ್ಟ್ ಬಿಟ್ಟು ಬೇರೆ ಕಡೆ ಸೇರಿದ್ದರು. ಅವರನ್ನು ಹುಡುಕಿ ಹೊಸೂರಿನಿಂದ ಕರೆತಂದು ಸಹಿ ಹಾಕಿಸಿದ್ದು ಯೂನಿಯನ್ ಕಾರ್ಯದರ್ಶಿಯೇ.